ಬಿತ್ತನೆಯ ಜೋಳ

ಅಂತಃಕಲಹದ ಚರಿತ್ರೆಯನ್ನು ನಾವು ಬಹುಮಟ್ಟಿಗೆ ತಾರೀಖುಗಳಿಂದಲೇ ಬಲ್ಲೆವು. ಹೈದರಾಬಾದು ಸಂಸ್ಥಾನದ ವಿಷಯವನ್ನು ತರಗತಿಯಲ್ಲಿ ಹೇಳುವಾಗ, 1947ರ ನವೆಂಬರ್ 29ರ ಯಥಾಸ್ಥಿತಿ ಒಪ್ಪಂದ, 1948ರ ಸೆಪ್ಟೆಂಬರ್ 13ರಂದು ಭಾರತ ಸೇನೆಯ ಪ್ರವೇಶ, 17ರಂದು ನಿಜಾಮರ ಶರಣಾಗತಿ, ಇಷ್ಟನ್ನು ಬರೆಯಿಸಿ ಮುಂದಿನ ಪಾಠಕ್ಕೆ ತೆರಳುತ್ತೇವೆ. ಅದಕ್ಕೆ ಹಿಂದಿನ ಒಂದು ವರ್ಷವನ್ನು ಮನೆಮಂದಿ ಹೇಗೆ ಕಳೆದರೆಂಬುದು ಪುಸ್ತಕದ ಹೊರಗೇ ಉಳಿಯುತ್ತದೆ.

ಆಗ ಬಳ್ಳಾರಿ ಜಿಲ್ಲೆ ಮದರಾಸು ಪ್ರಾಂತ್ಯಕ್ಕೆ ಸೇರಿತ್ತು. ಸಿರುಗುಪ್ಪದ ಕಡೆ ತುಂಗಭದ್ರೆಯೇ ಎಲ್ಲೆ. ಆಚೆಯ ದಡ ನಿಜಾಮರ ರಾಯಚೂರು ಜಿಲ್ಲೆ. ಎರಡು ದಡಗಳಲ್ಲಿಯೂ ಮಾತು ಕನ್ನಡ, ಊಟ ಜೋಳದ ರೊಟ್ಟಿ. ನಡುವೆ ಹೆಣ್ಣು ಕೊಟ್ಟು ತಂದ ನಂಟು. ಕಾಸಿಂ ರಜ್ವಿಯ ಮುಂದಾಳ್ತನದ ರಜಾಕಾರರ ಹಾವಳಿ ಹೆಚ್ಚಿದಾಗ ಆಚೆಯವರು ಈ ನಂಟನ್ನೇ ನಂಬಿ ಹೊಳೆ ದಾಟಿದರು. ನೀರು ಇಳಿದಾಗ ಕಾಲ್ನಡೆಯಿಂದ, ಏರಿದಾಗ ಹರಿಗೋಲಿನಿಂದ. ಬಂಧುಗಳಿದ್ದವರು ಅವರ ಮನೆ ಸೇರಿದರು. ಇಲ್ಲದವರಿಗೆ ಗುಡಿಯ ಪೌಳಿ, ಪರರ ಜಗಲಿ. ಮಹಾಯುದ್ಧ ತಂದಿದ್ದ ಧಾನ್ಯದ ಅಭಾವ ಇನ್ನೂ ತೀರಿರದ ಕಾಲವದು. ಇದ್ದ ಹಿಟ್ಟಿನಲ್ಲಿಯೇ ರೊಟ್ಟಿ ತೆಳುವಾದವು.

ಹಾಗೆ ಬಾಲ್ಯದಲ್ಲಿ ಕುರುಗೋಡಿನ ಸೋದರಮಾವನ ಮನೆಗೆ ಬಂದಿದ್ದ ವೃದ್ಧೆಯೊಬ್ಬರು ನಮಗೆ ಹೇಳಿದರು: "ಬಿತ್ತೋ ಜೋಳದ ಗಂಟು ಅವ್ವ ತಲಿ ಮ್ಯಾಲ ಹೊತ್ತು ತಂದ್ಲು. ಎಷ್ಟು ಹಸಿವಾದ್ರೂ ಬೀಸಾಕ ಕೊಡಲಿಲ್ಲ." ಕೂಲಿಗೆ ಸಿಕ್ಕ ನುಚ್ಚಿನಲ್ಲಿ ಗಂಜಿ ಕಾಯುತ್ತಿತ್ತು; ಗಂಟು ಜಂತಿಯಲ್ಲಿ ತೂಗುತ್ತಿತ್ತು. ಸೆಪ್ಟೆಂಬರಿನಲ್ಲಿ ಕಾರ್ಯಾಚರಣೆ ಮುಗಿದಾಗ ಹಿಂಗಾರಿ ಬಿತ್ತನೆಗೆ ಇನ್ನೂ ಹೊತ್ತಿತ್ತು. ಸುದ್ದಿ ಬಂದೊಡನೆ ತಾಯಿ ಮೊದಲು ಆ ಗಂಟನ್ನಿಳಿಸಿದಳಂತೆ.

ಆದರೆ ಎಲ್ಲರ ಕಷ್ಟವೂ ಅಂದಿಗೆ ತೀರಲಿಲ್ಲ. ಕಾರ್ಯಾಚರಣೆಯ ಬೆನ್ನಿಗೇ ಸಂಸ್ಥಾನದ ಹಲವೆಡೆ ನಿರಪರಾಧಿಗಳಾದ ಮುಸಲ್ಮಾನರ ಮೇಲೆ ಸೇಡು ಹರಿಯಿತು. ಸತ್ತವರು ಕಡಿಮೆಯೆಂದರೂ 27,000ದಿಂದ 40,000 ಎಂದು ಪಂಡಿತ ಸುಂದರಲಾಲರ ಸಮಿತಿ ಅಂದಾಜು ಮಾಡಿತು. ಅತಿಯಾಗಿ ನೊಂದ ಜಿಲ್ಲೆಗಳಲ್ಲಿ ನಮ್ಮ ಬೀದರ, ಕಲಬುರ್ಗಿಗಳೂ ಇದ್ದವು. ಆ ವರದಿ ಬಹುಕಾಲ ಬೆಳಕು ಕಾಣಲಿಲ್ಲ.

ಆ ವೃದ್ಧೆಯ ಮನೆಯವರು ಊರಿಗೆ ಮರಳಿದಾಗ ಪಕ್ಕದ ಹೊಲದ ಮುಸಲ್ಮಾನ ಕುಟುಂಬ ಊರು ಬಿಟ್ಟಿತ್ತು. ಅವರ ಹೊಲ ಆ ವರ್ಷ ಬೀಳು ಬಿತ್ತು. ಜನರ ತಾಳ್ಮೆಯನ್ನು ಕೊಂಡಾಡುವಾಗ ನಾವು ಆ ಎರಡು ಹೊಲಗಳನ್ನೂ ಒಟ್ಟಿಗೇ ನೆನೆಯಬೇಕು.