ಕೀ ಕಾರಿನೊಳಗೆ ಉಳಿದಾಗ



ಕೀ ಒಳಗೇ ಉಳಿದು ಕಾರಿನ ಬಾಗಿಲು ಲಾಕ್ ಆಗುವುದು, ಗಾಡಿ ಇಟ್ಟುಕೊಂಡ ಎಷ್ಟೋ ಮನೆಗಳಿಗೆ ಗೊತ್ತಿರುವ ಫಜೀತಿ. ಅದು ಮದುವೆ ಛತ್ರದ ಮುಂದೆ ಆಗಬಹುದು, ಘಾಟಿಯ ಚಹಾದಂಗಡಿಯ ಪಕ್ಕದಲ್ಲಿ ಆಗಬಹುದು, ನಮ್ಮದೇ ಮನೆಯ ಗೇಟಿನ ಬಳಿಯೂ ಆಗಬಹುದು. ಕ್ಷಣದಲ್ಲಿ ನಾಲ್ಕು ಜನ ಸೇರುತ್ತಾರೆ. ಒಬ್ಬರು ಸ್ಟೀಲ್ ಸ್ಕೇಲ್ ತನ್ನಿ ಅನ್ನುತ್ತಾರೆ, ಇನ್ನೊಬ್ಬರು ತಂತಿ ಬಗ್ಗಿಸಲು ಶುರು ಮಾಡುತ್ತಾರೆ, ಮತ್ತೊಬ್ಬರು ಕಲ್ಲು ಹುಡುಕುತ್ತಾರೆ. ಇವರಲ್ಲಿ ಯಾರ ಮಾತು ಕೇಳಬೇಕು? ಉತ್ತರ ಒಂದೇ ಪ್ರಶ್ನೆಯನ್ನು ಅವಲಂಬಿಸಿದೆ: ಕಾರಿನೊಳಗೆ ಯಾರಾದರೂ ಇದ್ದಾರೆಯೇ? ಯಾರೂ ಇಲ್ಲವೆಂದರೆ ನಮಗೆ ಬೇಕಾದಷ್ಟು ಸಮಯವಿದೆ, ಕಾರಿಗೆ ಒಂದು ಗೀರೂ ಬೀಳದಂತೆ ಕೆಲಸ ಮುಗಿಸಬಹುದು. ಒಳಗೊಂದು ಮಗುವಿದೆ ಎಂದರೆ ಸಮಯವೇ ಇಲ್ಲ. ಆಗ ಕಾರಿನ ಬೆಲೆ, ಗಾಜಿನ ಬೆಲೆ ಎರಡನ್ನೂ ಮರೆತುಬಿಡಬೇಕು. ಆ ಎರಡನೆಯ ಸಂದರ್ಭವನ್ನೇ ಮೊದಲು ಹೇಳುತ್ತೇನೆ.

2025ರ ಮೇ ತಿಂಗಳಲ್ಲಿ ಆಂಧ್ರಪ್ರದೇಶದ ವಿಜಯನಗರಂ ಜಿಲ್ಲೆಯ ದ್ವಾರಪುಡಿ ಎಂಬ ಊರಿನಲ್ಲಿ ಆಟವಾಡುತ್ತಿದ್ದ ನಾಲ್ವರು ಮಕ್ಕಳು ನಿಂತಿದ್ದ ಕಾರಿನೊಳಗೆ ಹೋದರು. ಬಾಗಿಲು ಲಾಕ್ ಆಯಿತು. ಹೊರಗಿದ್ದವರಿಗೆ ತಿಳಿಯುವಷ್ಟರಲ್ಲಿ ನಾಲ್ಕೂ ಜೀವಗಳು ಹೋಗಿದ್ದವು. ಮುಚ್ಚಿದ ಕಾರು ಎಷ್ಟು ಬೇಗ ಕಾಯುತ್ತದೆ ಎಂಬುದು ನಮ್ಮಲ್ಲಿ ಬಹಳ ಜನರಿಗೆ ಅಂದಾಜಿಲ್ಲ. ಗಾಜಿನ ಮೂಲಕ ಒಳಗೆ ಬಂದ ಬಿಸಿಲು ಡ್ಯಾಶ್‌ಬೋರ್ಡನ್ನೂ ಸೀಟುಗಳನ್ನೂ ಕಾಯಿಸುತ್ತದೆ. ಅವುಗಳಿಂದ ಕಾದ ಗಾಳಿಗೆ ಹೊರಗೆ ಹೋಗಲು ದಾರಿಯಿಲ್ಲ. ಬಿಸಿಲಿನಲ್ಲಿ ನಿಂತ ಕಾರಿನೊಳಗೆ ಮೊದಲ ಹತ್ತು ನಿಮಿಷದಲ್ಲೇ ಸುಮಾರು 10 ಡಿಗ್ರಿ ಸೆಲ್ಸಿಯಸ್ ಏರುತ್ತದೆ ಎಂದು ಅಮೆರಿಕದಲ್ಲಿ ನಡೆದ ಅಳತೆಗಳು ತೋರಿಸಿವೆ. ಒಂದು ಗಂಟೆಯಲ್ಲಿ ಏರುವ ಶಾಖದ ಬಹುಪಾಲು ಮೊದಲ ಅರ್ಧ ಗಂಟೆಯಲ್ಲೇ ಏರಿಬಿಡುತ್ತದೆ. ಅಂದರೆ ಹೊರಗೆ 35 ಡಿಗ್ರಿ ಇದ್ದರೆ ಅರ್ಧ ಗಂಟೆಯೊಳಗೆ ಕಾರಿನಲ್ಲಿ 50 ದಾಟುತ್ತದೆ. ಏಪ್ರಿಲ್-ಮೇ ತಿಂಗಳಲ್ಲಿ ಹೊರಗೇ 40 ದಾಟುವ ಕಲಬುರಗಿ, ರಾಯಚೂರು, ಬಳ್ಳಾರಿಯ ಸ್ಥಿತಿಯನ್ನು ನೀವೇ ಊಹಿಸಿ. ಕಿಟಕಿಯನ್ನು ಎರಡು ಬೆರಳಿನಷ್ಟು ಇಳಿಸಿಟ್ಟರೆ ಸಾಕು ಎಂಬ ನಂಬಿಕೆಯೂ ತಪ್ಪು. ಅದರಿಂದ ಆಗುವ ವ್ಯತ್ಯಾಸ ತೀರಾ ಕಡಿಮೆ. ಮಕ್ಕಳ ಮೈ ದೊಡ್ಡವರ ಮೈಗಿಂತ ಮೂರರಿಂದ ಐದು ಪಟ್ಟು ಬೇಗ ಕಾಯುತ್ತದೆ. ದೇಹದ ಶಾಖ 40 ಡಿಗ್ರಿ ದಾಟಿತೆಂದರೆ ಜೀವಕ್ಕೇ ಅಪಾಯ.

ಹಾಗಾಗಿ ಮಗು, ವಯಸ್ಸಾದವರು ಅಥವಾ ಪ್ರಜ್ಞೆ ತಪ್ಪಿದವರು ಒಳಗಿದ್ದರೆ ಒಬ್ಬರು ಕೂಡಲೇ 112ಕ್ಕೆ ಕರೆ ಮಾಡಲಿ. ಪೊಲೀಸ್, ಅಗ್ನಿಶಾಮಕ, ಆಂಬ್ಯುಲೆನ್ಸ್ ಮೂರಕ್ಕೂ ಆ ಒಂದೇ ಸಂಖ್ಯೆ ಸಾಕು. ಮಗು ತಿಳಿವಳಿಕೆ ಬಂದ ವಯಸ್ಸಿನದಾಗಿದ್ದರೆ ಗಾಜಿನಾಚೆಯಿಂದ ಕೈಸನ್ನೆ ಮಾಡಿ, ಮುಂದಿನ ಬಾಗಿಲಿನ ಒಳಹಿಡಿಯನ್ನು ಎಳೆಯಲು ಹೇಳಿ. ಎಷ್ಟೋ ಕಾರುಗಳಲ್ಲಿ ಅದನ್ನು ಒಂದೆರಡು ಸಲ ಎಳೆದರೆ ಲಾಕ್ ಬಿಡುತ್ತದೆ. ಹಿಂದಿನ ಬಾಗಿಲುಗಳಿಗೆ ಚೈಲ್ಡ್ ಲಾಕ್ ಹಾಕಿದ್ದರೆ ಅವು ಒಳಗಿನಿಂದ ತೆರೆಯುವುದಿಲ್ಲ, ಅದಕ್ಕೇ ಮುಂದಿನ ಬಾಗಿಲು. ಮಗು ತೀರಾ ಚಿಕ್ಕದಾಗಿದ್ದರೆ, ಅಳುತ್ತಾ ಕೆಂಪಾಗಿದ್ದರೆ ಅಥವಾ ಅಳು ನಿಲ್ಲಿಸಿ ಸುಸ್ತಾಗಿದ್ದರೆ, ಕೀ ಮಾಡುವವರು ಬರಲಿ ಎಂದು ಕಾಯಬೇಡಿ. ಗಾಜು ಒಡೆಯಿರಿ.

ಯಾವ ಗಾಜು? ಮುಂದಿನ ದೊಡ್ಡ ಗಾಜಿಗೆ ಕೈ ಹಾಕಬೇಡಿ. ಅದು ಎರಡು ಹಾಳೆ ಗಾಜಿನ ನಡುವೆ ಪ್ಲಾಸ್ಟಿಕ್ ಪದರ ಕೂಡಿಸಿ ಮಾಡಿದ್ದು. ಹೊಡೆದರೆ ಬಿರುಕು ಬಿಡುತ್ತದೆಯೇ ಹೊರತು ಸುಲಭವಾಗಿ ತೂತಾಗುವುದಿಲ್ಲ. ಪಕ್ಕದ ಕಿಟಕಿಗಳಲ್ಲಿ ಸಾಮಾನ್ಯವಾಗಿ ಇರುವುದು ಹದಗೊಳಿಸಿದ ಗಾಜು. ಒಡೆದರೆ ಉದ್ದುದ್ದ ಸೀಳಾಗದೆ ಕಲ್ಲುಸಕ್ಕರೆಯ ಹರಳುಗಳಂತೆ ಉದುರುತ್ತದೆ. ಮಗು ಕೂತ ಜಾಗದಿಂದ ದೂರದಲ್ಲಿರುವ ಪಕ್ಕದ ಕಿಟಕಿಯನ್ನು ಆರಿಸಿಕೊಳ್ಳಿ. ಗಾಜಿನ ನಡುಭಾಗಕ್ಕೆ ಹೊಡೆದರೆ ಏಟು ಹಿಂದಕ್ಕೆ ಚಿಮ್ಮುತ್ತದೆ. ಅಂಚಿಗೆ ಹತ್ತಿರ, ಕೆಳಗಿನ ಮೂಲೆಗೆ, ಮೊನೆಯಿರುವ ಗಟ್ಟಿ ವಸ್ತುವಿನಿಂದ ಹೊಡೆಯಿರಿ. ನಿಮ್ಮ ವೀಲ್ ಸ್ಪ್ಯಾನರ್ ನಿಮ್ಮದೇ ಡಿಕ್ಕಿಯೊಳಗೆ ಸಿಕ್ಕಿಕೊಂಡಿರುತ್ತದೆ, ಪಕ್ಕದ ಗಾಡಿಯವರ ಬಳಿ ಕೇಳಿ. ಕೈಗೆ ದಪ್ಪ ಬಟ್ಟೆ ಸುತ್ತಿಕೊಳ್ಳಿ, ಮುಖ ಪಕ್ಕಕ್ಕೆ ತಿರುಗಿಸಿ. ಈಚಿನ ಕೆಲವು ಕಾರುಗಳಲ್ಲಿ ಪಕ್ಕದ ಗಾಜೂ ಪದರದ್ದೇ ಇರುತ್ತದೆ. ಒಂದು ಒಡೆಯದಿದ್ದರೆ ತಡಮಾಡದೆ ಇನ್ನೊಂದಕ್ಕೆ ಹೋಗಿ. ಮಗುವನ್ನು ಹೊರಗೆ ತೆಗೆದ ಮೇಲೆ ನೆರಳಿಗೆ ಕರೆದೊಯ್ದು ಬಟ್ಟೆ ಸಡಿಲಿಸಿ, ಮೈಯನ್ನೆಲ್ಲ ನೀರಿನಿಂದ ಒದ್ದೆ ಮಾಡಿ ಗಾಳಿ ಬೀಸಿ. ಮಂಪರಿನಲ್ಲಿರುವ ಮಗುವಿನ ಬಾಯಿಗೆ ನೀರು ಹಾಕಬೇಡಿ. ಚೇತರಿಸಿಕೊಂಡಂತೆ ಕಂಡರೂ ಆಸ್ಪತ್ರೆಗೆ ತೋರಿಸಲೇಬೇಕು.

ಬೇರೆಯವರ ಕಾರಿನ ಗಾಜು ಒಡೆದರೆ ಕೇಸ್ ಆಗುವುದಿಲ್ಲವೇ ಎಂಬ ಅಂಜಿಕೆ ಅನೇಕರಿಗಿದೆ. ಭಾರತೀಯ ನ್ಯಾಯ ಸಂಹಿತೆಯ 19ನೇ ಕಲಮು ಇದಕ್ಕೆ ಉತ್ತರ ಕೊಡುತ್ತದೆ. ಜೀವಕ್ಕೋ ಆಸ್ತಿಗೋ ಆಗಲಿರುವ ಬೇರೊಂದು ಹಾನಿಯನ್ನು ತಪ್ಪಿಸಲು, ಕೆಟ್ಟ ಉದ್ದೇಶವಿಲ್ಲದೆ, ಸದ್ಭಾವನೆಯಿಂದ ಮಾಡಿದ ಕೆಲಸ ಅಪರಾಧವಾಗುವುದಿಲ್ಲ. ಹಳೆಯ ದಂಡ ಸಂಹಿತೆಯಲ್ಲೂ 81ನೇ ಕಲಮಾಗಿ ಇದೇ ಮಾತು ಇತ್ತು. 112ಕ್ಕೆ ಕರೆ ಮಾಡಿರುವುದು, ಸುತ್ತಲಿನವರು ನೋಡಿರುವುದು ನಿಮ್ಮ ಸದ್ಭಾವನೆಗೆ ಸಾಕ್ಷಿಯಾಗುತ್ತದೆ.

ಇನ್ನು ಒಳಗೆ ಯಾರೂ ಇಲ್ಲದ, ಬರೀ ಕೀ ಇರುವ ಸಂದರ್ಭಕ್ಕೆ ಬರೋಣ. ಮೊದಲು ಕಾರಿನ ಸುತ್ತ ಒಂದು ಸುತ್ತು ಬನ್ನಿ. ನಾಲ್ಕೂ ಬಾಗಿಲುಗಳನ್ನು, ಡಿಕ್ಕಿಯನ್ನು ಎಳೆದು ನೋಡಿ. ಗಾಬರಿಯಲ್ಲಿ ಒಂದೇ ಬಾಗಿಲನ್ನು ಹತ್ತು ಸಲ ಎಳೆದು, ತೆರೆದೇ ಇದ್ದ ಇನ್ನೊಂದು ಬಾಗಿಲನ್ನು ಮುಟ್ಟಿಯೂ ನೋಡದವರುಂಟು. ಹ್ಯಾಚ್‌ಬ್ಯಾಕ್ ಕಾರಿನ ಡಿಕ್ಕಿ ತೆರೆದರೆ ಅಲ್ಲಿಂದಲೇ ಕೈಚಾಚಿ ಹಿಂದಿನ ಬಾಗಿಲಿನ ಲಾಕ್ ತೆಗೆಯಬಹುದು. ಆಮೇಲೆ ಯೋಚಿಸಬೇಕಾದದ್ದು ಎರಡನೇ ಕೀ. ಕಾರು ಕೊಂಡಾಗ ಸಾಮಾನ್ಯವಾಗಿ ಎರಡು ಕೀ ಕೊಟ್ಟಿರುತ್ತಾರೆ. ಅದು ಮನೆಯಲ್ಲಿದ್ದರೆ, ಯಾರಾದರೂ ಬೈಕಿನಲ್ಲಿ ತಂದುಕೊಡುವುದೇ ಅತ್ಯಂತ ಅಗ್ಗದ ಪರಿಹಾರ. ಕಾರು ಇಂಟರ್‌ನೆಟ್ ಸಂಪರ್ಕವಿರುವ ಹೊಸ ಮಾದರಿಯದಾಗಿದ್ದರೆ, ಕಂಪನಿಯ ಆ್ಯಪ್‌ನಿಂದ ಫೋನಿನಲ್ಲೇ ಬಾಗಿಲು ತೆರೆಯುವ ಸೌಲಭ್ಯ ಇರಬಹುದು. ಆದರೆ ಆ ಆ್ಯಪ್ ಮೊದಲೇ ಚಾಲೂ ಆಗಿರಬೇಕು, ಕಾರು ನಿಂತ ಜಾಗದಲ್ಲಿ ನೆಟ್‌ವರ್ಕೂ ಇರಬೇಕು. ಮಲೆನಾಡಿನ ಕಣಿವೆಗಳಲ್ಲಿ ಅದನ್ನೇ ನೆಚ್ಚಿಕೊಳ್ಳುವಂತಿಲ್ಲ.

ಕೆಲವೊಮ್ಮೆ ಕೀ ಕೈಯಲ್ಲೇ ಇರುತ್ತದೆ, ಬಾಗಿಲು ಮಾತ್ರ ತೆರೆಯುವುದಿಲ್ಲ. ಗುಂಡಿ ಒತ್ತಿದರೆ ಸ್ಟಾರ್ಟ್ ಆಗುವ ಕಾರುಗಳ ಸ್ಮಾರ್ಟ್ ಕೀಯಲ್ಲಿ ನಾಣ್ಯದಾಕಾರದ ಒಂದು ಸಣ್ಣ ಸೆಲ್ ಇರುತ್ತದೆ. ಅದು ಮುಗಿದರೆ, ಇಲ್ಲವೇ ಕಾರಿನ ಬ್ಯಾಟರಿಯೇ ಡೌನ್ ಆದರೆ ರಿಮೋಟ್ ಕೆಲಸ ಮಾಡುವುದಿಲ್ಲ. ಹೆದರಬೇಡಿ, ಆ ಕೀಯನ್ನೇ ತಿರುಗಿಸಿ ನೋಡಿ. ಅಂಚಿನಲ್ಲಿ ಒಂದು ಪುಟ್ಟ ಚಿಲಕ ಇರುತ್ತದೆ. ಅದನ್ನು ಸರಿಸಿ ಎಳೆದರೆ ಲೋಹದ ಕೀ ಹೊರಬರುತ್ತದೆ. ಡ್ರೈವರ್ ಬಾಗಿಲಿನ ಹಿಡಿಯ ಬಳಿ ಕೀ ತೂತು ಕಾಣದಿದ್ದರೆ, ಹಿಡಿಯ ಕೊನೆಯಲ್ಲಿರುವ ಬಣ್ಣದ ಮುಚ್ಚಳದ ಕೆಳಗೆ ಬೆರಳಾಡಿಸಿ. ಸಣ್ಣದೊಂದು ಸಂದು ಸಿಗುತ್ತದೆ. ಕೀಯ ತುದಿಯನ್ನು ಅದಕ್ಕೆ ತೂರಿಸಿ ಮೆಲ್ಲಗೆ ಮೀಟಿದರೆ ಮುಚ್ಚಳ ಬಿಚ್ಚಿಕೊಂಡು ಒಳಗಿನ ತೂತು ಕಾಣುತ್ತದೆ. ಬಾಗಿಲು ತೆರೆದಾಗ ಅಲಾರಂ ಕೂಗಿದರೂ ಗಾಬರಿಯಾಗಬೇಡಿ. ಸ್ಮಾರ್ಟ್ ಕೀಯನ್ನು ಸ್ಟಾರ್ಟ್ ಗುಂಡಿಗೆ ತಾಗಿಸಿ ಹಿಡಿದು ಒತ್ತಿ. ಕೀಯೊಳಗಿನ ಚಿಪ್‌ಗೆ ಸೆಲ್ ಬೇಕಾಗಿಲ್ಲವಾದ್ದರಿಂದ ಕಾರಿನ ಬ್ಯಾಟರಿ ಸರಿಯಿದ್ದರೆ ಸಾಮಾನ್ಯವಾಗಿ ಇಂಜಿನ್ ಚಾಲೂ ಆಗುತ್ತದೆ, ಕೂಗೂ ನಿಲ್ಲುತ್ತದೆ. ಕೆಲವು ಕಾರುಗಳಲ್ಲಿ ಕೀಯನ್ನು ಇಡುವ ಜಾಗವೇ ಬೇರೆ, ಅದನ್ನು ಕಾರಿನ ಕೈಪಿಡಿಯಲ್ಲಿ ಇವತ್ತೇ ನೋಡಿಟ್ಟುಕೊಳ್ಳಿ.

ಎರಡನೇ ಕೀಯೂ ಇಲ್ಲ, ಆ್ಯಪೂ ಇಲ್ಲ. ಆಗ ಯಾರನ್ನು ಕರೆಯಬೇಕು? ಹೊಸ ಕಾರಿನ ಜೊತೆ ಅಥವಾ ವಿಮೆಯ ಜೊತೆ ರೋಡ್‌ಸೈಡ್ ಅಸಿಸ್ಟೆನ್ಸ್ ಸೇವೆ ಇದೆಯೇ ನೋಡಿ. ಇದ್ದರೆ ಬಾಗಿಲು ತೆರೆಸಿಕೊಡುವುದು ಸಾಮಾನ್ಯವಾಗಿ ಅದರಲ್ಲೇ ಸೇರಿರುತ್ತದೆ. ರಾಷ್ಟ್ರೀಯ ಹೆದ್ದಾರಿಯಲ್ಲಿ ಸಿಕ್ಕಿಕೊಂಡಿದ್ದರೆ 1033ಕ್ಕೆ ಕರೆ ಮಾಡಿ. ಊರಿನಲ್ಲಿದ್ದರೆ ಕೀ ಮಾಡುವವರು ಸಿಗುತ್ತಾರೆ. ಪೇಟೆಯ ಬೀದಿಬದಿಯಲ್ಲಿ ದೊಡ್ಡ ಕೀಯ ಚಿತ್ರ ಬರೆದ ಬೋರ್ಡಿನ ಕೆಳಗೆ ಕೂತಿರುವ ಕಸುಬುದಾರರು ಅವರು. ಹತ್ತಿರದ ಪೆಟ್ರೋಲ್ ಬಂಕಿನಲ್ಲೋ ಗ್ಯಾರೇಜಿನಲ್ಲೋ ವಿಚಾರಿಸಿದರೆ ನಂಬಿಕಸ್ತರ ನಂಬರ್ ಕೊಡುತ್ತಾರೆ. ಬರುವ ಮೊದಲೇ ಕಾರಿನ ಮಾದರಿ, ವರ್ಷ ಹೇಳಿ ಒಟ್ಟು ಎಷ್ಟಾಗುತ್ತದೆಂದು ಮಾತಾಡಿಕೊಳ್ಳಿ. ಒಳ್ಳೆಯ ಕಸುಬುದಾರರು ಕಾರು ನಿಮ್ಮದೇ ಎನ್ನುವುದಕ್ಕೆ ದಾಖಲೆ ಕೇಳುತ್ತಾರೆ. ಅದಕ್ಕೆ ಬೇಸರಪಡಬೇಡಿ, ಅವರು ನಿಮ್ಮ ಕಾರನ್ನೂ ಕಾಯುತ್ತಿದ್ದಾರೆ. ಆರ್‌ಸಿ ಕಾರಿನೊಳಗೇ ಇದ್ದರೆ ಡಿಜಿಲಾಕರ್‌ನಲ್ಲಿರುವುದನ್ನು ತೋರಿಸಬಹುದು.

ಪಳಗಿದ ಕೈ ಈ ಕೆಲಸ ಮಾಡುವುದನ್ನು ನೋಡಿದರೆ ಸ್ಕೇಲ್ ತುರುಕುವುದು ಯಾಕೆ ಬೇಡವೆಂದು ಅರ್ಥವಾಗುತ್ತದೆ. ಅವರು ಬಾಗಿಲಿನ ಮೇಲಂಚಿಗೆ ಬಣ್ಣ ಕೀಳದಂತೆ ಮೃದುವಾದ ಒಂದು ಬೆಣೆ ಇಟ್ಟು ಕೂದಲೆಳೆಯಷ್ಟು ಸಂದು ಮಾಡುತ್ತಾರೆ. ಆ ಸಂದಿಗೆ ಚಪ್ಪಟೆಯಾದ ಗಾಳಿಚೀಲ ಸೇರಿಸಿ, ಬಿ.ಪಿ. ನೋಡುವ ಯಂತ್ರದಲ್ಲಿರುವಂಥ ರಬ್ಬರ್ ಗುಂಡನ್ನು ಹಿಚುಕುತ್ತಾರೆ. ಚೀಲ ಉಬ್ಬಿದಂತೆ ಬಾಗಿಲಿನ ಚೌಕಟ್ಟು ಚೂರೇ ಚೂರು ಹೊರಕ್ಕೆ ಬಾಗುತ್ತದೆ. ರಬ್ಬರ್ ಹೊದಿಸಿದ ಉದ್ದ ಸರಳನ್ನು ಒಳಗೆ ಬಿಟ್ಟು ಲಾಕಿನ ಗುಂಡಿಯನ್ನೋ ಒಳಹಿಡಿಯನ್ನೋ ಎಳೆಯುತ್ತಾರೆ. ಗಾಳಿ ಬಿಟ್ಟರೆ ಬಾಗಿಲು ಮೊದಲಿನಂತೆ ಕೂರುತ್ತದೆ. ಗಾಜು ಮತ್ತು ಬೀಡಿಂಗ್ ನಡುವೆ ಸ್ಕೇಲ್ ತುರುಕುವ ಉಪಾಯ ಹಿಂದಿನ ಸರಳ ಕಾರುಗಳ ಕಾಲದ್ದು. ಇಂದಿನ ಬಾಗಿಲಿನೊಳಗೆ ಪವರ್ ವಿಂಡೋದ ಮೋಟಾರು, ಸೆಂಟ್ರಲ್ ಲಾಕ್, ಸ್ಪೀಕರ್, ಕೆಲವು ಕಾರುಗಳಲ್ಲಿ ಏರ್‌ಬ್ಯಾಗಿನ ಸೆನ್ಸರ್, ಇವೆಲ್ಲದರ ವೈರುಗಳು ಓಡಾಡಿರುತ್ತವೆ. ಕುರುಡಾಗಿ ಸ್ಕೇಲ್ ಆಡಿಸಿದರೆ ಬಾಗಿಲು ತೆರೆಯುವ ಬದಲು ಕಿಟಕಿ ಕೆಟ್ಟು ಕೂರಬಹುದು.

ಕೀ ಒಳಗಿಲ್ಲ, ಕಳೆದೇ ಹೋಗಿದೆ ಅಂದರೆ ಬಾಗಿಲು ತೆರೆದ ಮಾತ್ರಕ್ಕೆ ಕಾರು ಹೊರಡುವುದಿಲ್ಲ. ಇಂದಿನ ಕೀಯ ತಲೆಯಲ್ಲಿ ಒಂದು ಪುಟ್ಟ ಚಿಪ್ ಇರುತ್ತದೆ. ಕಾರಿನ ಕಂಪ್ಯೂಟರ್ ಅದರ ಗುರುತನ್ನು ಕೇಳಿ ಒಪ್ಪಿದ ಮೇಲೆಯೇ ಇಂಜಿನ್ ಓಡುತ್ತದೆ. ಇಮೊಬಿಲೈಜರ್ ಎಂದು ಕರೆಯುವುದು ಇದನ್ನೇ. ಆದ್ದರಿಂದ ಹಲ್ಲು ಕತ್ತರಿಸಿ ಮಾಡಿದ ನಕಲು ಕೀ ಬಾಗಿಲು ತೆರೆಯಬಹುದು, ಗಾಡಿ ಓಡಿಸಲಾರದು. ಹೊಸ ಕೀಯನ್ನು ಕಾರಿಗೆ ಪರಿಚಯ ಮಾಡಿಸಬೇಕು. ಒಂದು ಕೀ ಉಳಿದಿದ್ದರೆ ಈ ಕೆಲಸ ಸುಲಭ, ಎರಡೂ ಕಳೆದಿದ್ದರೆ ಖರ್ಚೂ ಹೆಚ್ಚು, ಕಾಯುವ ದಿನಗಳೂ ಹೆಚ್ಚು. ಕಳೆದ ಕೀ ಬಗ್ಗೆ ಕರ್ನಾಟಕ ಪೊಲೀಸರ ಇ-ಲಾಸ್ಟ್ ವ್ಯವಸ್ಥೆಯಲ್ಲಿ ದೂರು ದಾಖಲಿಸಿ. ವಿಮೆಯಲ್ಲಿ ಕೀ ಕಳೆದದ್ದಕ್ಕೆ ಪರಿಹಾರದ ಹೆಚ್ಚುವರಿ ರಕ್ಷಣೆ ಪಡೆದಿದ್ದರೆ ಆ ದೂರಿನ ಪ್ರತಿ ಬೇಕಾಗಬಹುದು. ಹೊಸ ಕೀ ಮಾಡಿಸುವಾಗ, ಕಳೆದ ಕೀಯ ಗುರುತನ್ನು ಕಾರಿನ ನೆನಪಿನಿಂದ ಅಳಿಸಲು ಮರೆಯದೆ ಹೇಳಿ.

ಇಷ್ಟೆಲ್ಲ ತಾಪತ್ರಯ ಬರುವುದೇ ಕೆಲವು ಸಣ್ಣ ಅಭ್ಯಾಸಗಳಿಂದ. ರಿಮೋಟಿನಿಂದ ಲಾಕ್ ತೆಗೆದು, ಬಾಗಿಲು ತೆರೆಯದೆ ಹಾಗೇ ಬಿಟ್ಟರೆ ಎಷ್ಟೋ ಕಾರುಗಳು ಅರ್ಧ ನಿಮಿಷದ ಹೊತ್ತಿಗೆ ತಾವಾಗಿಯೇ ಮತ್ತೆ ಲಾಕ್ ಆಗುತ್ತವೆ, ಅದನ್ನು ಮರೆಯುವುದು ಒಂದು. ಡಿಕ್ಕಿಯಲ್ಲಿ ಸಾಮಾನು ಇಡುವಾಗ ಕೀಯನ್ನೂ ಅದರ ಪಕ್ಕದಲ್ಲೇ ಇಟ್ಟು ಮುಚ್ಚುವುದು ಇನ್ನೊಂದು. ಕೀ ಒಳಗಿದ್ದರೆ ಸ್ಮಾರ್ಟ್ ಕಾರು ಲಾಕ್ ಆಗುವುದಿಲ್ಲ ಎಂದು ಧೈರ್ಯವಾಗಿರುವುದು ಮತ್ತೊಂದು. ಕೀಯ ಸೆಲ್ ಸೊರಗಿದ್ದರೆ ಕಾರಿಗೆ ಅದರ ಇರವೇ ತಿಳಿಯುವುದಿಲ್ಲ. ಅದಕ್ಕೇ ಬಾಗಿಲು ಹಾಕುವ ಮುನ್ನ ಕೀ ಕೈಯಲ್ಲಿ ಕಾಣುತ್ತಿರಲಿ. ಬಾಗಿಲನ್ನು ಹೊರಗೆ ನಿಂತು, ರಿಮೋಟಿನಿಂದಲೇ ಲಾಕ್ ಮಾಡಿ. ಎಳೆ ಮಕ್ಕಳ ಕೈಗೆ ಕಾರಿನ ಕೀ ಆಟದ ಸಾಮಾನಾಗಿ ಹೋಗುವುದು ಬೇಡ. ಮನೆ ಮುಂದೆ ನಿಂತ ಕಾರು ಸದಾ ಲಾಕ್ ಆಗಿರಲಿ. ಮಗು ಕಾಣದಿದ್ದರೆ, ಬಾವಿ, ನೀರಿನ ತೊಟ್ಟಿಯ ಜೊತೆಗೇ ಕಾರಿನೊಳಗನ್ನೂ ಡಿಕ್ಕಿಯನ್ನೂ ತಕ್ಷಣ ನೋಡಿ.

ಎರಡನೇ ಕೀಯನ್ನು ಕಾರಿನೊಳಗೆ ಬಚ್ಚಿಡಬೇಡಿ. ಕಾರು ಕಳ್ಳತನವಾದರೆ ವಿಮಾ ಕಂಪನಿಯವರು ಸಾಮಾನ್ಯವಾಗಿ ಎರಡೂ ಕೀ ಕೇಳುತ್ತಾರೆ. ಅದನ್ನು ಮನೆಯಲ್ಲಿ ಎಲ್ಲರಿಗೂ ಗೊತ್ತಿರುವ ಜಾಗದಲ್ಲಿ ಇಡಿ. ಹೊಸ ಕೀ ಜೊತೆ ಬಂದ ಸಂಖ್ಯೆಯ ಬಿಲ್ಲೆಯಿದ್ದರೆ ಅದನ್ನೂ ಜೋಪಾನವಾಗಿಡಿ, ಕೀ ಕಳೆದಾಗ ಹೊಸದನ್ನು ಮಾಡಿಸಲು ಆ ಸಂಖ್ಯೆ ನೆರವಾಗುತ್ತದೆ. ದೂರ ಪ್ರಯಾಣಕ್ಕೆ ಇಬ್ಬರು ಹೊರಟರೆ ಎರಡನೇ ಕೀ ಇನ್ನೊಬ್ಬರ ಜೇಬಿನಲ್ಲಿರಲಿ. ಫೋನೂ ಒಳಗೇ ಸಿಕ್ಕಿಕೊಂಡರೆ ಬೇರೆಯವರ ಫೋನಿನಿಂದ ಕರೆ ಮಾಡಬೇಕಾಗುತ್ತದೆ, ಹಾಗಾಗಿ ಮನೆಯವರ ಎರಡು ನಂಬರಾದರೂ ಬಾಯಿಪಾಠವಿರಲಿ.

ಈ ಮಾತುಗಳನ್ನು ಮನೆಯಲ್ಲಿ ಕಾರು ಓಡಿಸುವವರಿಗೆ ಮಾತ್ರವಲ್ಲ, ಮಕ್ಕಳನ್ನು ನೋಡಿಕೊಳ್ಳುವ ಅಜ್ಜ ಅಜ್ಜಿಯರಿಗೂ, ಎತ್ತರಕ್ಕೆ ಬೆಳೆದ ಮಕ್ಕಳಿಗೂ ಹೇಳಿ. ಹಾರ್ನ್ ಒತ್ತುವುದು, ಮುಂದಿನ ಬಾಗಿಲಿನ ಹಿಡಿ ಎಳೆಯುವುದು, ಇವೆರಡನ್ನು ಐದಾರು ವರ್ಷದ ಮಗುವಿಗೂ ಕಲಿಸಬಹುದು. ನಿಂತ ಕಾರಿನಲ್ಲೇ, ನೀವು ಪಕ್ಕದಲ್ಲಿ ಕೂತು ಒಮ್ಮೆ ಮಾಡಿಸಿಬಿಡಿ. ಅದಕ್ಕೆ ಐದು ನಿಮಿಷವೂ ಬೇಡ, ಮತ್ತು ಆ ಕಲಿಕೆ ಮಗುವಿನ ಜೀವ ಉಳಿಸಬಲ್ಲದು.