ಬಾವಿಕಟ್ಟೆಯ ಮೇಲೊಂದು ನೋಟ್‌ಬುಕ್

ಅಡಿಕೆ ತೋಟದ ಅಂಚಿಗೆ ತಮಿಳುನಾಡು ನೋಂದಣಿಯ ಎರಡು ಬೋರ್‌ವೆಲ್ ಲಾರಿಗಳು ಬಂದು ನಿಲ್ಲುತ್ತವೆ. ತೆಂಗಿನಕಾಯಿ ಒಡೆದು ಊದುಬತ್ತಿ ಹಚ್ಚುತ್ತಿದ್ದಂತೆ ಕಂಪ್ರೆಸರ್ ಗರ್ಜಿಸತೊಡಗುತ್ತದೆ. ಮೊದಲು ಏಳುವುದು ಕೆಂಪು ಧೂಳು. ಸ್ವಲ್ಪ ಹೊತ್ತಿಗೆ ಬಿಳಿಯೂ ಗುಲಾಬಿಯೂ ಆದ ನುಣ್ಣನೆಯ ಹುಡಿ, ಅದು ಶೇಡಿ ಮಣ್ಣು. ಆಮೇಲೆ ಗಂಟೆಗಟ್ಟಲೆ ಬೂದು ಬಣ್ಣದ ಕಲ್ಲಿನ ಹುಡಿ. ಮನೆಮಂದಿಯ ಕಣ್ಣೆಲ್ಲ ಒಂದೇ ಕಡೆ: ಹುಡಿ ಒದ್ದೆಯಾಯಿತೇ? ರಾತ್ರಿಯಾಗುವಾಗ ಲಾರಿ ಹೊರಡುತ್ತದೆ. ನೀರು ಸಿಕ್ಕಿದರೆ ಪಂಪು ಇಳಿಯುತ್ತದೆ, ಸಿಗದಿದ್ದರೆ ಸಾಲ ಉಳಿಯುತ್ತದೆ.

ಎಷ್ಟನೇ ಅಡಿಗೆ ಶೇಡಿ ಬಂತು, ಎಷ್ಟಕ್ಕೆ ಮುಗಿಯಿತು, ಕೇಸಿಂಗ್ ಪೈಪು ಎಲ್ಲಿವರೆಗೆ ಇಳಿಯಿತು, ಮೊದಲ ಒಸರು ಕಂಡದ್ದು ಯಾವ ಆಳದಲ್ಲಿ? ನಮ್ಮ ಕಾಲಡಿಯ ನೆಲ ಆ ಒಂದು ದಿನ ಬಾಯಿಬಿಟ್ಟು ಎಲ್ಲವನ್ನೂ ಹೇಳಿತ್ತು. ಬರೆದುಕೊಂಡವರು ಯಾರೂ ಇರಲಿಲ್ಲ. ವಿಟ್ಲದಿಂದ ವೇಣೂರಿನವರೆಗೆ, ಸರಪಾಡಿಯಿಂದ ಶಿರ್ತಾಡಿಯವರೆಗೆ ಇಂಥ ಎಷ್ಟು ದಿನಗಳು ಧೂಳಾಗಿ ಹಾರಿಹೋದವೋ ಎಂದು ನೆನೆದಾಗಲೆಲ್ಲ ನನಗೆ ಹೊಟ್ಟೆ ಉರಿಯುತ್ತದೆ. ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ಹುಡುಗ ಹುಡುಗಿಯರೇ, ನಿಮ್ಮಲ್ಲಿ ಮಾತಾಡಬೇಕೆನಿಸಿದ್ದು ಅದಕ್ಕೇ.

ನಮ್ಮದು ವರ್ಷಕ್ಕೆ 3,500 ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುವ ಜಿಲ್ಲೆ. ಆಟಿ ತಿಂಗಳಲ್ಲಿ ಬಾವಿಯ ನೀರನ್ನು ಬಗ್ಗಿ ಕೊಡದಲ್ಲಿ ಮೊಗೆಯಬಹುದು. ಪತ್ತನಾಜೆಯ ಹೊತ್ತಿಗೆ ಅದೇ ಬಾವಿಯ ತಳದಲ್ಲಿ ಬಕೆಟು ಕಲ್ಲಿಗೆ ತಾಗಿ ಸದ್ದು ಮಾಡುತ್ತದೆ. ಇದಕ್ಕೆ ಕಾರಣ ನೆಲದ ಕಟ್ಟಣೆಯಲ್ಲೇ ಇದೆ. ಮೇಲಿನ ಮುರಕಲ್ಲು ಜೇನುಹುಟ್ಟಿನಂತೆ ತೂತು ತೂತು. ಮಳೆಯನ್ನು ಗಬಗಬನೆ ಕುಡಿಯುತ್ತದೆ, ಅಷ್ಟೇ ಬೇಗ ಬದಿಯ ತೋಡಿಗೆ ಬಿಟ್ಟೂ ಬಿಡುತ್ತದೆ. ಅದರ ಕೆಳಗಿನ ಶೇಡಿ ನೀರನ್ನು ಹಿಡಿದುಕೊಳ್ಳುತ್ತದೆ, ಬಿಡಲು ಜಿಪುಣತನ ಮಾಡುತ್ತದೆ. ಅದಕ್ಕೂ ಕೆಳಗೆ ಗಟ್ಟಿ ಬಂಡೆ. ಅಲ್ಲಿ ನೀರಿರುವುದು ಬಿರುಕುಗಳಲ್ಲಿ ಮಾತ್ರ. ತೋಡಿದ ಬಾವಿ ಕುಡಿಯುವುದು ಮೇಲಿನ ಪದರದ ನೀರನ್ನು, ಬೋರ್‌ವೆಲ್ ಎಳೆಯುವುದು ಬಹುಪಾಲು ಕೆಳಗಿನ ಬಿರುಕಿನದನ್ನು. ಎರಡಕ್ಕೂ ನಂಟಿದೆಯೇ, ಎಷ್ಟಿದೆ ಎಂಬುದು ಗುಡ್ಡೆಯಿಂದ ಗುಡ್ಡೆಗೆ ಬೇರೆ.

ಈ ಸೂಕ್ಷ್ಮವನ್ನು ಬಲ್ಲವರು ನಮ್ಮಲ್ಲಿ ಹಿಂದೆಯೂ ಇದ್ದರು. ಬಂಟ್ವಾಳ ತಾಲ್ಲೂಕಿನ ಮಾಣಿಲ, ಕೇಪು ಕಡೆ ಗುಡ್ಡೆಯ ಹೊಟ್ಟೆಗೆ ಅಡ್ಡಲಾಗಿ ಸುರಂಗ ಕೊರೆದು, ಜಿನುಗುವ ನೀರನ್ನು ಪಂಪಿಲ್ಲದೆ ಅಂಗಳಕ್ಕೆ ಹರಿಸಿಕೊಂಡವರು ಅವರು. ಕೇಪುವಿನ ಅಮೈ ಮಹಾಲಿಂಗ ನಾಯ್ಕರು ಹಗಲು ಕೂಲಿ ಮಾಡಿ, ಕತ್ತಲಾದ ಮೇಲೆ ದೀಪ ಹಿಡಿದು ಒಬ್ಬರೇ ಸುರಂಗ ಅಗೆದರು. ಒಂದಲ್ಲ ಎರಡಲ್ಲ, ಹಲವು ಸುರಂಗಗಳು ಕೈಕೊಟ್ಟವು. ಅವರು ಬಿಡಲಿಲ್ಲ. ಬೋಳುಗುಡ್ಡೆಯಲ್ಲಿ ತೋಟ ಎದ್ದಿತು. 2022ರಲ್ಲಿ ಅವರಿಗೆ ಪದ್ಮಶ್ರೀ ಬಂತು. ಎಲ್ಲಿ ಅಗೆಯಬೇಕೆಂದು ಸುರಂಗ ತೋಡುವವರು ನಿರ್ಧರಿಸುವುದು ಮಣ್ಣಿನ ತಂಪು, ಮರಗಳ ಹಸುರು, ಗುಡ್ಡೆಯ ಓರೆ ನೋಡಿ. ಮನಸ್ಸಿನೊಳಗೆ ಗುಡ್ಡೆಯ ಒಳಗಿನ ಚಿತ್ರವೊಂದನ್ನು ಬರೆದುಕೊಂಡು, ಅಗೆದು ನೋಡಿ, ತಪ್ಪಾದಾಗ ಚಿತ್ರವನ್ನು ತಿದ್ದಿಕೊಳ್ಳುತ್ತಾರೆ.

ಅಂತರ್ಜಲದ ಕಂಪ್ಯೂಟರ್ ಮಾದರಿ ಮಾಡುವುದೂ ಇದನ್ನೇ. ನೆಲವನ್ನು ನೂರು ಮೀಟರಿನ ಚೌಕಗಳಾಗಿ, ಆಳಕ್ಕೆ ಮುರಕಲ್ಲು, ಶೇಡಿ, ಬಿರುಕುಬಂಡೆ ಎಂಬ ಪದರಗಳಾಗಿ ಕತ್ತರಿಸಿಕೊಳ್ಳಿ. ಸಾವಿರಾರು ಪೆಟ್ಟಿಗೆಗಳಾದವು. ಒಂದೊಂದು ಪೆಟ್ಟಿಗೆಗೂ ಎರಡು ಸ್ವಭಾವ: ನೀರನ್ನು ಎಷ್ಟು ಸಲೀಸಾಗಿ ಹಾಯಲು ಬಿಡುತ್ತದೆ, ಎಷ್ಟನ್ನು ಒಳಗಿಟ್ಟುಕೊಳ್ಳುತ್ತದೆ. ನೆಲದೊಳಗೆ ನೀರು ಹಾಯುವ ನಿಯಮವನ್ನು ಫ್ರಾನ್ಸಿನ ದಿಜೋನ್ ಊರಿನ ಎಂಜಿನಿಯರ್ ಆನ್ರಿ ದಾರ್ಸಿ 1856ರಲ್ಲೇ ಬರೆದಿಟ್ಟ. ಮರಳು ತುಂಬಿದ ಕೊಳವೆಯಲ್ಲಿ ನೀರು ಬಿಟ್ಟು ಅಳೆದು ಕಂಡುಕೊಂಡ ನಿಯಮ ಅದು. ಉಳಿದದ್ದು ಮನೆಯ ಜಮಾ ಖರ್ಚಿನ ಲೆಕ್ಕ. ಪೆಟ್ಟಿಗೆಗೆ ಬಂದ ನೀರು, ಹೋದ ನೀರು, ಉಳಿದ ನೀರು. ಕಂಪ್ಯೂಟರ್ ಇದನ್ನು ದಿನದಿಂದ ದಿನಕ್ಕೆ ಎಲ್ಲ ಪೆಟ್ಟಿಗೆಗಳಿಗೂ ಮಾಡುತ್ತಾ ಹೋಗುತ್ತದೆ. ಲೆಕ್ಕ ಹೇಳಿದ ಮಟ್ಟವನ್ನು ಬಾವಿಯಲ್ಲಿ ಅಳೆದ ಮಟ್ಟದ ಪಕ್ಕ ಇಟ್ಟು ನೋಡಬೇಕು. ಹೊಂದದಿದ್ದರೆ ಸ್ವಭಾವಗಳನ್ನು ತಿದ್ದಬೇಕು. ತಿದ್ದಿದ ಮೇಲೆ, ಅದಕ್ಕೆ ತೋರಿಸದೇ ಇಟ್ಟಿದ್ದ ಇನ್ನೊಂದು ವರ್ಷದ ಅಳತೆಯ ಎದುರು ಪರೀಕ್ಷೆಗೆ ನಿಲ್ಲಿಸಬೇಕು. ಆಗ ಅದರ ಮಾತಿಗೆ ತೂಕ ಬರುತ್ತದೆ.

ಇದಕ್ಕೆ ಬೇಕಾದ ಸಾಧನ ದೂರದಲ್ಲಿಲ್ಲ. ಅಮೆರಿಕದ ಭೂವೈಜ್ಞಾನಿಕ ಸಮೀಕ್ಷೆ 1984ರಲ್ಲಿ ಹೊರತಂದ ಮಾಡ್‌ಫ್ಲೋ ಇವತ್ತಿಗೂ ಜಗತ್ತಿನ ಅಂತರ್ಜಲ ವಿಜ್ಞಾನಿಗಳ ಕೈಯ ಹಾರೆ. ಅದು ಉಚಿತ. ಪೈಥಾನ್‌ನಿಂದ ಅದನ್ನು ನಡೆಸುವ ಫ್ಲೋಪೈ ಉಚಿತ, ನಕ್ಷೆ ಬರೆಯುವ ಕ್ಯೂಜಿಐಎಸ್ ಉಚಿತ. ಮಿಜಾರಿನಲ್ಲೋ ಉಜಿರೆಯಲ್ಲೋ ಎಂಜಿನಿಯರಿಂಗ್ ಓದುತ್ತಿರುವ ನಿಮ್ಮ ಲ್ಯಾಪ್‌ಟಾಪಿಗೆ ಇವು ಭಾರವಲ್ಲ. ಸುರತ್ಕಲ್ಲಿನ ಎನ್‌ಐಟಿಕೆ ಸಂಶೋಧಕರು ಪಾವಂಜೆ ಮತ್ತು ಗುರುಪುರ ನದಿಗಳ ನಡುವಿನ ಕರಾವಳಿ ನೆಲಕ್ಕೆ ಇದೇ ಕುಟುಂಬದ ಸೀವ್ಯಾಟ್ ಬಳಸಿ, ಸಮುದ್ರದ ಉಪ್ಪು ನೀರು ಒಳನುಗ್ಗುವ ಬಗೆಯನ್ನು ಲೆಕ್ಕ ಹಾಕಿ ತೋರಿಸಿದ್ದಾರೆ. ಗುರುಪುರ ನದಿಯೆಂದರೆ ನಮ್ಮ ಫಲ್ಗುಣಿಯೇ, ವೇಣೂರಿನ ಗೊಮ್ಮಟನ ಬಳಿ ಹರಿದುಬರುವ ನೀರು. ಅದರ ಕೊನೆಗೆ ಮಾದರಿ ಸಿಕ್ಕಿದೆ. ಮೇಲಿನ ಊರುಗಳ ನೆಲಕ್ಕೂ ಅಷ್ಟೇ ನಿಗಾ ಬೇಕು.

ಇದೆಲ್ಲ ವಿಜ್ಞಾನಿಗಳ ಕೆಲಸ, ನಮಗೇಕೆ ಎಂದು ಕೇಳಬೇಡಿ. ನೆಲದಡಿಯ ಲೆಕ್ಕದ ಮೇಲೆ ನಿಮ್ಮ ಮನೆಯ ನಾಳೆ ತೀರ್ಮಾನವಾಗುತ್ತದೆ. ಸರ್ಕಾರದ ಅಂದಾಜಿನಲ್ಲಿ ಒಂದು ಪ್ರದೇಶ ವರ್ಷಕ್ಕೆ ತೆಗೆಯಬಹುದಾದ ಅಂತರ್ಜಲದಲ್ಲಿ ಶೇಕಡಾ 70ರವರೆಗೆ ಬಳಸಿದರೆ ಸುರಕ್ಷಿತ, 90ರವರೆಗೆ ಅರೆ ಗಂಭೀರ, 100ರವರೆಗೆ ಗಂಭೀರ, ಅದಕ್ಕೂ ಮೀರಿದರೆ ಅತಿಬಳಕೆ. 2011ರ ಕರ್ನಾಟಕ ಅಂತರ್ಜಲ ಕಾಯ್ದೆಯಡಿ ಅಧಿಸೂಚನೆಯಾದ ಕಡೆ ಹೊಸ ಬೋರ್‌ವೆಲ್ಲಿಗೆ ಅನುಮತಿ ಬೇಕು. ಈ ಅಂದಾಜಿನ ಅಳತೆಗೋಲು ತಾಲ್ಲೂಕು. ಬೆಳ್ತಂಗಡಿಯನ್ನೇ ನೋಡಿ. ಒಂದು ಕಡೆ ಗಡಾಯಿಕಲ್ಲಿನ ಬರಿಬಂಡೆ, ಇನ್ನೊಂದು ಕಡೆ ಚಾರ್ಮಾಡಿಯ ದಟ್ಟ ಕಾಡಿನ ಇಳಿಜಾರು, ಮತ್ತೊಂದು ಕಡೆ ಗುರುವಾಯನಕೆರೆಯ ಸುತ್ತಿನ ಬೈಲು, ಬೆಟ್ಟು. ಇವೆಲ್ಲಕ್ಕೂ ಸೇರಿ ಒಂದೇ ಅಂಕೆ! ಅಂಕೆ ಸುರಕ್ಷಿತ ಎಂದಾಗ ಬೆಟ್ಟಿನ ಮೇಲಿನ ಮನೆಯವರು ಟ್ಯಾಂಕರಿಗೆ ಕಾಯುತ್ತಿರಬಹುದು. ಅಂಕೆ ಗಂಭೀರ ಎಂದಾಗ, ನೀರಿರುವ ಬೈಲಿನ ರೈತರೂ ಕಚೇರಿ ಅಲೆಯಬೇಕಾಗಬಹುದು.

ಕೇಂದ್ರ ಅಂತರ್ಜಲ ಮಂಡಳಿ ತನ್ನ ವೀಕ್ಷಣಾ ಬಾವಿಗಳನ್ನು ವರ್ಷಕ್ಕೆ ನಾಲ್ಕು ಬಾರಿ ಅಳೆಯುತ್ತದೆ. ರಾಜ್ಯದ ಅಂತರ್ಜಲ ನಿರ್ದೇಶನಾಲಯವೂ ತನ್ನ ಬಾವಿಗಳನ್ನು ಅಳೆಯುತ್ತದೆ. ಎರಡೂ ಮುಖ್ಯ ಕೆಲಸಗಳೇ. ಆದರೆ ಮುರಕಲ್ಲಿನ ನೀರು ಮಳೆ ನಿಂತ ಮೇಲೆ ವಾರದಿಂದ ವಾರಕ್ಕೆ ಇಳಿಯುತ್ತದೆ. ಆ ಇಳಿತದ ವೇಗದಲ್ಲೇ ನಮ್ಮ ನೆಲದ ಗುಟ್ಟೆಲ್ಲ ಇರುವುದು. ಅದನ್ನು ಹಿಡಿಯಲು ಪ್ರತಿ ವಾರ ಅಳೆಯುವ ಕೈ ಬೇಕು, ತಾಲ್ಲೂಕಿಗೆ ಕೆಲವಲ್ಲ, ಊರಿಗೆ ಹತ್ತಾರು ಬಾವಿ ಬೇಕು. ಯಾವ ಇಲಾಖೆಯೂ ಅಷ್ಟು ಜನರನ್ನು ನೇಮಿಸಲಾರದು. ನೀವು ಮನೆಯಲ್ಲೇ ಇದ್ದೀರಿ.

ಊರಿನ ಬಾವಿಗಳನ್ನೇ ಅಳೆದು ಮಾದರಿ ಕಟ್ಟುವ ಕೆಲಸ ಗುಂಡ್ಲುಪೇಟೆ ತಾಲ್ಲೂಕಿನ ಬೇರಂಬಾಡಿಯಲ್ಲಿ ಆಗಿದೆ. ಭಾರತೀಯ ವಿಜ್ಞಾನ ಸಂಸ್ಥೆಯವರೂ ಫ್ರಾನ್ಸಿನ ವಿಜ್ಞಾನಿಗಳೂ ಸೇರಿ ಸುಮಾರು 84 ಚದರ ಕಿಲೋಮೀಟರಿನ ಆ ಜಲಾನಯನದಲ್ಲಿ ರೈತರ ಕೊಳವೆಬಾವಿಗಳನ್ನೇ ವರ್ಷಗಟ್ಟಲೆ ಅಳೆದರು. ಅಂಭಾಸ್ ಎಂಬ ಮಾದರಿ ಕಟ್ಟಿದರು. ಪಂಪಿನಿಂದ ಅಂತರ್ಜಲ ಹಳ್ಳದ ತಳಕ್ಕಿಂತ ಕೆಳಗಿಳಿದು, ಹಳ್ಳಕ್ಕೂ ನೆಲದ ನೀರಿಗೂ ನಂಟು ಕಡಿದುಹೋದದ್ದು ಅಳತೆಯಲ್ಲಿ ಕಂಡಿತು. ನಮ್ಮ ತೋಡುಗಳು ಮಾರ್ಚ್ ತಿಂಗಳಲ್ಲೇ ಬತ್ತುವುದೇಕೆ ಎಂದು ಕೇಳುವವರು ಈ ಕಥೆಯನ್ನು ಗಮನವಿಟ್ಟು ಓದಬೇಕು.

ಮಾದರಿ ಸಿದ್ಧವಾದರೆ ಅದಕ್ಕೆ ಎಂಥ ಪ್ರಶ್ನೆ ಕೇಳಬಹುದು ಗೊತ್ತೇ? ಪಶ್ಚಿಮವಾಹಿನಿ ಯೋಜನೆಯಲ್ಲಿ ಕಿಂಡಿ ಅಣೆಕಟ್ಟು ಎಲ್ಲಿ ಕಟ್ಟಿದರೆ ಹೆಚ್ಚು ಬಾವಿಗಳಿಗೆ ನೀರು ಏರುತ್ತದೆ? ಅದರ ಕಿಂಡಿಗಳ ಹಲಗೆಯನ್ನು ಡಿಸೆಂಬರಿನ ಬದಲು ನವೆಂಬರಿನಲ್ಲೇ ಇಳಿಸಿದರೆ ಏಪ್ರಿಲಿನಲ್ಲಿ ಎಷ್ಟು ಅಡಿ ಲಾಭ? ಊರವರು ಸೇರಿ ಹಾಕುತ್ತಿದ್ದ ಕಟ್ಟಗಳನ್ನು ಮತ್ತೆ ಹಾಕಿದರೆ? ಮೂಡುಬಿದಿರೆಯಲ್ಲಿ ಹದಿನೆಂಟು ಬಸದಿ, ಹದಿನೆಂಟು ದೇವಸ್ಥಾನ, ಹದಿನೆಂಟು ಕೆರೆ ಎಂಬ ಮಾತಿದೆ. ಒಂದು ಕೆರೆಯ ಹೂಳೆತ್ತಿದರೆ ಎಷ್ಟು ದೂರದ ಬಾವಿಗೆ ಅದರ ಫಲ ಮುಟ್ಟುತ್ತದೆ? ಗುಡ್ಡೆಯೊಂದರ ಮುರಕಲ್ಲನ್ನು ಕೋರೆಗೆ ಕೊಡುವಾಗ ಕಲ್ಲಿನ ರಾಜಧನದ ಲೆಕ್ಕ ಸಿಗುತ್ತದೆ. ಕಲ್ಲಿನ ಜೊತೆ ಹೋಗುವುದು ಕೆಳಗಿನ ಮನೆಗಳ ನೀರಿನ ಟ್ಯಾಂಕು. ಅದರ ಲೆಕ್ಕವೂ ಅದೇ ಕಡತದಲ್ಲಿ ಇರಬೇಡವೇ? ಇದ್ದೇ ತೀರಬೇಕು ಎಂಬುದು ನನ್ನ ಹಟ.

ನೆಲದೊಳಗಿನ ನೀರು ಬಾವಿಯ ವಿಷಯ ಮಾತ್ರವೂ ಅಲ್ಲ. 2019ರ ಆಗಸ್ಟಿನ ಮಳೆಯಲ್ಲಿ ಚಾರ್ಮಾಡಿ ಘಾಟಿ ಕುಸಿದು ಸಂಚಾರ ನಿಂತದ್ದು, ದಿಡುಪೆ, ಮಲವಂತಿಗೆ ಕಡೆ ಹೊಳೆಗಳು ಮಣ್ಣು ಮರಳು ಹೊತ್ತು ತೋಟಗಳಿಗೆ ನುಗ್ಗಿದ್ದು ನಿಮಗೆ ನೆನಪಿರಬಹುದು. ಒದ್ದೆಯಾದ ಶೇಡಿ ತನ್ನ ಬಿಗಿಯನ್ನೇ ಬಿಟ್ಟುಕೊಡುತ್ತದೆ. ಮಣ್ಣಿನ ಕಣಗಳ ನಡುವೆ ನೀರಿನ ಒತ್ತಡ ಏರಿದಂತೆ ಇಳಿಜಾರು ಜಾರುತ್ತದೆ. ಯಾವ ಇಳಿಜಾರಿನಲ್ಲಿ, ಎಷ್ಟು ದಿನದ ಎಷ್ಟು ಮಳೆಗೆ ಅಪಾಯ ಶುರುವಾಗುತ್ತದೆ ಎಂದು ಹೇಳುವ ಮಾದರಿಗಳಿಗೂ ಬೇಕಾದದ್ದು ಊರೂರಿನ ಮಳೆ, ಮಣ್ಣಿನ ಅಳತೆಯೇ.

ಒಂದು ಎಚ್ಚರಿಕೆ. ಪರದೆಯ ಮೇಲೆ ಬಣ್ಣಬಣ್ಣದ ನಕ್ಷೆ ಬಂದ ಕೂಡಲೇ ಅದು ಸತ್ಯವಾಗುವುದಿಲ್ಲ. ಮರಳಿಗೆ ಹೊಂದುವ ಊಹೆಗಳು ಮುರಕಲ್ಲಿನ ಮಾಟೆಗಳಿಗೂ ಬಂಡೆಯ ಬಿರುಕಿಗೂ ಹೊಂದದೇ ಹೋಗಬಹುದು. ಎತ್ತಿನಹೊಳೆಯ ಉದಾಹರಣೆ ನಮ್ಮ ಕಣ್ಣೆದುರೇ ಇದೆ. ಆ ನೀರನ್ನು ಪೂರ್ವಕ್ಕೆ ತಿರುಗಿಸುವ ಯೋಜನೆ ನಿಂತದ್ದು 24.01 ಟಿಎಂಸಿ ನೀರಿನ ಲೆಕ್ಕದ ಮೇಲೆ. ಭಾರತೀಯ ವಿಜ್ಞಾನ ಸಂಸ್ಥೆಯ ಅಧ್ಯಯನವೊಂದು ಅಲ್ಲಿ ಸಿಗುವ ನೀರು 9.55 ಟಿಎಂಸಿ ಎಂದಿತು. ಎರಡು ಲೆಕ್ಕಗಳ ನಡುವೆ ಇಷ್ಟು ಅಂತರವಿರುವಾಗ, ಯಾವ ಮಳೆ, ಯಾವ ಅಳತೆ, ಯಾವ ಊಹೆ ಎಂದು ಎರಡನ್ನೂ ಬಿಡಿಸಿ ಕೇಳಬಲ್ಲವರು ಬಂಟ್ವಾಳದ ಹೊಳೆದಂಡೆಯಲ್ಲಿ ಸಾಕಷ್ಟು ಮಂದಿ ಇರಬೇಕಿತ್ತು. ಆ ನೀರು ಕುಮಾರಧಾರೆ ಸೇರಿ ಉಪ್ಪಿನಂಗಡಿಯಲ್ಲಿ ನೇತ್ರಾವತಿಯಾಗಿ ನಮ್ಮ ಶಂಭೂರು, ತುಂಬೆಗಳಿಗೆ ಬರುವ ನೀರಲ್ಲವೇ? ಪ್ರತಿಭಟನೆಯ ಕೂಗಿಗೆ ನಮ್ಮಲ್ಲಿ ಗಂಟಲಿದೆ. ಅದರ ಜೊತೆಗೆ ಲೆಕ್ಕವೂ ಬೇಕು. ಕಡತದ ಅಂಕೆಯ ಎದುರು ನಿಲ್ಲಬಲ್ಲದ್ದು ಇನ್ನೊಂದು ಪ್ರಾಮಾಣಿಕ ಅಂಕೆ. ‘ಇಷ್ಟರಿಂದ ಇಷ್ಟರೊಳಗೆ’ ಎಂದು ತನ್ನ ಅನುಮಾನವನ್ನೂ ಜೊತೆಗೇ ಹೇಳುವ ಅಂಕೆ.

ನಮ್ಮ ಕೃಷಿಕರಲ್ಲಿ ಪ್ರತಿದಿನ ಬೆಳಿಗ್ಗೆ ಮಳೆ ಅಳೆದು ಡೈರಿಯಲ್ಲಿ ಬರೆಯುವ ಹಿರಿಯರಿದ್ದಾರೆ. ಅವರ ಮನೆಗೆ ಹೋಗಿ, ಕಾಲಿಗೆ ಬಿದ್ದು, ಆ ಡೈರಿಗಳ ಫೋಟೋ ತೆಗೆದುಕೊಂಡು ಬನ್ನಿ. ಅಜ್ಜಿಯ ಹತ್ತಿರ ಕೇಳಿ: ಬಾವಿ ತೋಡುವಾಗ ಎಷ್ಟು ಕೋಲಿಗೆ ಶೇಡಿ ಬಂತು, ಯಾವ ವರ್ಷ ಪೂರ್ತಿ ಬತ್ತಿತ್ತು. ಸುರಂಗದ ನೀರು ಒಂದು ಕೊಡ ತುಂಬಲು ಎಷ್ಟು ನಿಮಿಷ ಎಂದು ಮೊಬೈಲಿನಲ್ಲಿ ಹಿಡಿದು ನೋಡಿ. ಊರಲ್ಲಿ ಬೋರ್‌ವೆಲ್ ಲಾರಿ ಬಂದ ದಿನ ಕಾಲೇಜಿಗೆ ರಜೆ ಹಾಕಿಯಾದರೂ ಅದರ ಪಕ್ಕ ನಿಲ್ಲಿ. ಪ್ರತಿ ಹತ್ತಡಿಗೊಂದು ಹಿಡಿ ಹುಡಿಯನ್ನು ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಆಳ ಬರೆದಿಡಿ. ಎರಡು ಮಳೆಗಾಲ ಕಳೆಯುವಷ್ಟರಲ್ಲಿ ಒಂದು ತೋಡಿನ ಜಲಾನಯನಕ್ಕೆ ಮಾದರಿ ಕಟ್ಟುವಷ್ಟು ಸಾಮಗ್ರಿ ನಿಮ್ಮ ಕೈಯಲ್ಲಿರುತ್ತದೆ. ಅದನ್ನು ಹಿಡಿದು ಗ್ರಾಮಸಭೆಗೆ ಹೋಗಿ, ನವೆಂಬರಿನಲ್ಲಿ ಹಲಗೆ ಇಳಿಸುವ ನಿರ್ಣಯ ಬರೆಯಿಸಿ.

ಮೊದಲ ಅಳತೆ ಈ ಭಾನುವಾರ. ತುದಿಗೆ ಕಲ್ಲು ಕಟ್ಟಿದ ಟೇಪು ಸಾಕು. ಬಾವಿಕಟ್ಟೆಯ ಮೇಲೆ ಬಣ್ಣದಿಂದ ಒಂದು ಗುರುತು ಹಾಕಿ, ಯಾವತ್ತೂ ಅಲ್ಲಿಂದಲೇ ಅಳೆಯಿರಿ. ಬೆಳಿಗ್ಗೆ, ತೋಟಕ್ಕೆ ಪಂಪು ಹಾಕುವ ಮುಂಚೆ.