ಚಿನ್ನದ ಕುರ್ಚಿ, ಕೆಂಪು ಧೂಳು
(ಕಾರ್ಮಿಕ ಕುಟುಂಬಗಳ ಕೂಟದಲ್ಲಿ ಮಾಡಿದ ಭಾಷಣ)



ನಾವು ಕಾಫಿ ತೋಟದ ಲೈನು ಮನೆಯಲ್ಲಿ ಕುಳಿತಿದ್ದರೂ ಓಬಳಾಪುರದ ಜಗುಲಿಯಲ್ಲಿ ಕುಳಿತಿದ್ದರೂ ಟಿ.ವಿ. ತೋರಿಸುವುದು ಒಂದೇ. ಡೋಲು ಬಡಿದ ಸದ್ದು, ಕೆಂಪು ಅಕ್ಷರ, ‘ಇದೀಗ ಬಂದ ಸುದ್ದಿ!’ ತೋಟಕ್ಕೆ ಆನೆ ನುಗ್ಗಿದರೆ ಕ್ಯಾಮೆರಾ ಬರುತ್ತದೆ. ಆನೆ ತುಳಿದವನ ಮನೆಗೆ ಪರಿಹಾರ ಬಂತೇ ಎಂದು ಕೇಳಲು ಅದೇ ಕ್ಯಾಮೆರಾಕ್ಕೆ ದಾರಿ ಗೊತ್ತಾಗುವುದಿಲ್ಲ.

ಓಬಳಾಪುರ ಎಂದರೆ ನಮಗೆ ನೆನಪಾಗುವುದೇನು? ಗಾಲಿ ಜನಾರ್ದನ ರೆಡ್ಡಿಯವರ ಚಿನ್ನದ ಕುರ್ಚಿ. ಊರು ಅನಂತಪುರ ಜಿಲ್ಲೆಯ ರಾಯದುರ್ಗದ ಕಡೆ, ಬಳ್ಳಾರಿಯ ಗಡಿಗೆ ಅಂಟಿಕೊಂಡಿದೆ ಎಂಬುದು ಗೊತ್ತಿಲ್ಲದವರಿಗೂ ಕುರ್ಚಿ ಗೊತ್ತು! 2011ರ ಸೆಪ್ಟೆಂಬರ್ 5ರಂದು ಸಿ.ಬಿ.ಐ. ಅವರನ್ನು ಬಂಧಿಸಿದಾಗ ಕುರ್ಚಿ, ಹೆಲಿಕಾಪ್ಟರ್, ಬಂಗಲೆ ಇವುಗಳದೇ ಮಾತು. ಎರಡು ರಾಜ್ಯಗಳ ಗಡಿ ಗುರುತನ್ನೇ ಅಳಿಸಿ ಅದಿರು ತೆಗೆದರೆಂಬ ಆಪಾದನೆಯನ್ನು ಬಿಡಿಸಿ ಹೇಳುವಷ್ಟು ಪುರುಸೊತ್ತು ಯಾರಿಗಿತ್ತು?

ಅದಕ್ಕೆ ಸ್ವಲ್ಪ ಮೊದಲು, ಜುಲೈ 29ರಂದು, ಸುಪ್ರೀಂ ಕೋರ್ಟು ಬಳ್ಳಾರಿ ಜಿಲ್ಲೆಯ ಗಣಿಗಾರಿಕೆ ನಿಲ್ಲಿಸಿತ್ತು. ನಿಲ್ಲಿಸಿದ್ದು ಸರಿ. ಆದರೆ ಲಾರಿ ನಿಂತರೆ ಕ್ಲೀನರ್ ಹುಡುಗನ ಬತ್ತ ನಿಂತಿತು, ಅದಿರು ಒಡೆಯುವ ಹೆಂಗಸಿನ ಕೂಲಿ ನಿಂತಿತು, ರಸ್ತೆ ಬದಿಯ ಇಡ್ಲಿ ಪಾತ್ರೆ ಮಗುಚಿತು. ಇವರು ಆ ಧೂಳನ್ನು ಉಸಿರಾಡಿದವರು. ಕುರ್ಚಿಗೆ ಕೊಟ್ಟಷ್ಟು ಹೊತ್ತನ್ನು ಇವರಿಗೆ ಕೊಟ್ಟ ಚಾನೆಲನ್ನು ನಾವು ಕಾಣೆವು.

2016ರ ನವೆಂಬರ್ 8ರ ರಾತ್ರಿ ಐನೂರು, ಸಾವಿರದ ನೋಟು ರದ್ದಾದವು. ನಮ್ಮ ಜನ ಕೂಲಿ ಬಿಟ್ಟು ಬ್ಯಾಂಕಿನ ಮುಂದೆ ಸಾಲು ನಿಂತರು. 16ರಂದು ಬೆಂಗಳೂರು ಅರಮನೆ ಮೈದಾನದಲ್ಲಿ ರೆಡ್ಡಿಯವರ ಮಗಳ ಮದುವೆ. ಕರೆಯೋಲೆಯೇ ಒಂದು ಪುಟ್ಟ ಟಿ.ವಿ., ಪೆಟ್ಟಿಗೆ ತೆರೆದರೆ ಹಾಡು! ದೊಡ್ಡ ಟಿ.ವಿ.ಗಳು ಅದನ್ನು ಬಯ್ಯುತ್ತಲೇ ತೋರಿಸಿದವು, ತೋರಿಸುತ್ತಲೇ ಬಾಯಿ ಚಪ್ಪರಿಸಿದವು. ಸಾಲಿನಲ್ಲಿ ಕಾಲು ನೋಯಿಸಿಕೊಂಡು ಬಂದ ನಾವು ಅದನ್ನೇ ನೋಡಿ, ಮರುದಿನ ಕಾಫಿ ಕೊಯ್ಯುವಾಗ ಸೀರೆಯ ಬೆಲೆ ಲೆಕ್ಕ ಹಾಕಿದೆವು. ನಮ್ಮ ಹಾಜರಿ ಪುಸ್ತಕದ ಲೆಕ್ಕ ಯಾರು ನೋಡಿದರು?

2025ರ ಮೇ 6ರಂದು ಹೈದರಾಬಾದಿನ ಸಿ.ಬಿ.ಐ. ನ್ಯಾಯಾಲಯ ಓಬಳಾಪುರದ ಪ್ರಕರಣದಲ್ಲಿ ಅವರಿಗೆ 7 ವರ್ಷ ಶಿಕ್ಷೆ ವಿಧಿಸಿತು. ಜೂನ್‌ನಲ್ಲಿ ತೆಲಂಗಾಣ ಹೈಕೋರ್ಟು ಶಿಕ್ಷೆಯನ್ನು ಅಮಾನತಿನಲ್ಲಿಟ್ಟಿತು. ಅದು ಕೋರ್ಟಿನ ಕೆಲಸ. ನಮ್ಮ ಕೆಲಸ ಬೇರೆ ಇದೆ.

ಸಂತ ಯಾಕೋಬನ ಪತ್ರದ ಎರಡನೇ ಅಧ್ಯಾಯ ತೆರೆಯಿರಿ. ಚಿನ್ನದ ಉಂಗುರದವನು ಸಭೆಗೆ ಬಂದರೆ ಒಳ್ಳೆಯ ಪೀಠ, ಹರಿದ ಬಟ್ಟೆಯವನಿಗೆ ನಿಲ್ಲುವ ಜಾಗ. ಐದನೇ ಅಧ್ಯಾಯವನ್ನೂ ಓದಿ: ಅಲ್ಲಿ ತಡೆಹಿಡಿದ ಕೂಲಿಯೇ ಕೂಗುತ್ತದೆ. ಆ ಕೂಗಿಗೆ ಡೋಲಿನ ಸದ್ದು ಬೇಕಿಲ್ಲ.

ಈ ವಾರ ನಮ್ಮ ಮಕ್ಕಳು ದಿನಕ್ಕೊಂದು ಗಂಟೆ ವಾರ್ತೆ ನೋಡಿ, ಕೂಲಿ, ಪಿ.ಎಫ್., ಹೆರಿಗೆ ಭತ್ಯೆ ಎಂಬ ಮಾತು ಎಷ್ಟು ಬಾರಿ ಬಂತೆಂದು ಗೀಟು ಹಾಕಲಿ. ಭಾನುವಾರ ಪೂಜೆ ಮುಗಿದ ಮೇಲೆ ಪುಸ್ತಕ ತನ್ನಿ. ಹಾಜರಿ ಚೀಟಿಯನ್ನೂ ತನ್ನಿ, ಸಂಘದವರು ಕುಳಿತಿರುತ್ತಾರೆ.